ಬಾಗಿಲು ಮುಚ್ಚಿ ಹಾಡಿದ ಹಾಡು

ನಮ್ಮಲ್ಲಿ ಯಾವ ಸಂಸ್ಥೆಗೇ ಆಗಲಿ ಇಪ್ಪತ್ತೈದೋ ಐವತ್ತೋ ತುಂಬಿತೆಂದರೆ ಜೂಬಿಲಿ ಎನ್ನುತ್ತೇವೆ. ಸಿನಿಮಾ ಇಪ್ಪತ್ತೈದು ವಾರ ಓಡಿದರೂ ಸಿಲ್ವರ್ ಜೂಬಿಲಿಯೇ. ಆ ಪದದ ಮೂಲ ಮಾತ್ರ ಬೇರೆ. ಬೈಬಲಿನ ಯಾಜಕಕಾಂಡದ 25ನೆಯ ಅಧ್ಯಾಯದಲ್ಲಿ ಒಂದು ಕಟ್ಟಳೆಯಿದೆ: ಐವತ್ತನೆಯ ವರ್ಷ ಬಂದಾಗ ಕೊಂಬು ಊದಿಸಬೇಕು, ದಾಸರಾಗಿದ್ದವರನ್ನು ಬಿಡುಗಡೆ ಮಾಡಿ ಅವರವರ ಮನೆಗೆ ಕಳಿಸಬೇಕು. ಆ ಬಿಡುಗಡೆಯ ವರ್ಷದ ಹೆಸರೇ ಜೂಬಿಲಿ. ಈ ಅರ್ಥ ಮನಸ್ಸಿನಲ್ಲಿಟ್ಟುಕೊಂಡೇ ತನಗೆ ಆ ಹೆಸರಿಟ್ಟುಕೊಂಡ ಒಂದು ಗಾಯನ ಮಂಡಳಿ ಅಮೆರಿಕದ ಟೆನೆಸಿ ರಾಜ್ಯದ ನ್ಯಾಶ್‌ವಿಲ್‌ನಲ್ಲಿದೆ. ನೂರೈವತ್ತು ವರ್ಷ ದಾಟಿದರೂ ಇಂದಿಗೂ ಹಾಡುತ್ತಿದೆ. ಅದು ಫಿಸ್ಕ್ ವಿಶ್ವವಿದ್ಯಾಲಯದ ಫಿಸ್ಕ್ ಜೂಬಿಲಿ ಸಿಂಗರ್ಸ್.

ಈ ಮಂಡಳಿಯ ಚರಿತ್ರೆಯನ್ನು ಬರೆಯುವವರು ಸಾಮಾನ್ಯವಾಗಿ ರಾಣಿ ವಿಕ್ಟೋರಿಯಾ ಮುಂದೆ ನಡೆದ ಕಛೇರಿಯಿಂದ ಶುರುಮಾಡುತ್ತಾರೆ. ನನಗೆ ಮುಖ್ಯವಾಗಿ ಕಾಣುವುದು ಅದಕ್ಕಿಂತ ಹಿಂದಿನ, ಬಾಗಿಲು ಕಿಟಕಿ ಮುಚ್ಚಿದ ಒಂದು ಕೋಣೆ. ಅಲ್ಲಿಗೆ ಹೋಗುವ ಮುನ್ನ ಶಾಲೆಯ ಮಾತು.

ಅಮೆರಿಕದ ಅಂತರ್ಯುದ್ಧ 1865ರಲ್ಲಿ ಮುಗಿಯಿತು, ಅದೇ ವರ್ಷದ ಕೊನೆಗೆ ಸಂವಿಧಾನ ತಿದ್ದುಪಡಿಯಾಗಿ ಗುಲಾಮಗಿರಿ ರದ್ದಾಯಿತು. ಕೆಲವೇ ವಾರಗಳಲ್ಲಿ, 1866ರ ಜನವರಿ 9ರಂದು, ನ್ಯಾಶ್‌ವಿಲ್‌ನಲ್ಲಿ ಸೈನ್ಯ ಬಿಟ್ಟುಹೋದ ಆಸ್ಪತ್ರೆಯ ಮರದ ಬ್ಯಾರಕ್ಕುಗಳಲ್ಲಿ ಒಂದು ಶಾಲೆ ತೆರೆಯಿತು. ಅಮೆರಿಕನ್ ಮಿಷನರಿ ಅಸೋಸಿಯೇಷನ್ ಬೆಂಬಲವಾಗಿ ನಿಂತಿತು. ಜಾನ್ ಆಗ್ಡನ್, ಎರಾಸ್ಟಸ್ ಕ್ರಾವತ್, ಎಡ್ವರ್ಡ್ ಸ್ಮಿತ್ ಮುಂದಾಳುಗಳಾಗಿದ್ದರು. ಸಹಾಯಕ್ಕೆ ನಿಂತ ಜನರಲ್ ಕ್ಲಿಂಟನ್ ಫಿಸ್ಕ್ ಅವರ ಹೆಸರು ಶಾಲೆಗೆ ಬಂತು. ಏಳು ವರ್ಷದ ಮಕ್ಕಳಿಂದ ಎಪ್ಪತ್ತು ವರ್ಷದ ಮುದುಕರವರೆಗೆ ಜನ ಅಕ್ಷರ ಕಲಿಯಲು ಬಂದರು. ಗುಲಾಮರಿಗೆ ಓದು ಕಲಿಸುವುದನ್ನೇ ದಕ್ಷಿಣದ ಹಲವು ರಾಜ್ಯಗಳು ಅಪರಾಧವೆಂದು ಕಾನೂನು ಮಾಡಿದ್ದವು. ಹಾಗಾಗಿ ಎಪ್ಪತ್ತರ ಹಣ್ಣು ಮುದುಕ ಮೊಮ್ಮಗನ ಪಕ್ಕ ಕೂತು ಅಕ್ಷರ ತಿದ್ದುವುದೆಂದರೆ ಅದು ಸಣ್ಣ ಸಂಗತಿಯಲ್ಲ. ಗುಲಾಮರ ಸಂತೆಯಲ್ಲಿ ಬಿದ್ದಿದ್ದ ತುಕ್ಕು ಹಿಡಿದ ಬೇಡಿಗಳನ್ನು ಗುಜರಿಗೆ ಮಾರಿ, ಬಂದ ಹಣದಲ್ಲಿ ಮಕ್ಕಳಿಗೆ ಪುಸ್ತಕ ಕೊಂಡರೆಂದು ಸಂಸ್ಥೆಯ ಹಳೆಯ ಇತಿಹಾಸ ಹೇಳುತ್ತದೆ.

1867ರಲ್ಲಿ ವಿಶ್ವವಿದ್ಯಾಲಯವೆಂಬ ಹೆಸರು ಬಂತು, ದುಡ್ಡು ಬರಲಿಲ್ಲ. ಬ್ಯಾರಕ್ಕಿನ ಹಲಗೆಗಳು ಕೊಳೆಯತೊಡಗಿದವು, ಚಳಿಗಾಲದಲ್ಲಿ ಗಾಳಿ ಒಳಗೇ ಬೀಸುತ್ತಿತ್ತು, ಸಾಲ ಏರುತ್ತಾ ಹೋಯಿತು. 1871ರ ಹೊತ್ತಿಗೆ ಶಾಲೆ ಮುಚ್ಚುವ ಮಾತು ಬಂತು.

ಶಾಲೆಯ ಖಜಾಂಚಿ ಜಾರ್ಜ್ ಲಿಯೊನಾರ್ಡ್ ವೈಟ್. ನ್ಯೂಯಾರ್ಕ್ ಸೀಮೆಯ ಕಮ್ಮಾರನ ಮಗ, ಬಿಳಿಯ, ಉತ್ತರದ ಸೈನ್ಯದಲ್ಲಿ ಯುದ್ಧ ಮಾಡಿದವರು. ಸಂಗೀತವನ್ನು ಶಾಸ್ತ್ರೀಯವಾಗಿ ಕಲಿತವರಲ್ಲ, ಆದರೆ ಕಿವಿ ಬಹಳ ಸೂಕ್ಷ್ಮ. ಲೆಕ್ಕಪತ್ರದ ನಡುವೆಯೇ ವಿದ್ಯಾರ್ಥಿಗಳಿಗೆ ಹಾಡು ಕಲಿಸುತ್ತಿದ್ದರು. ಅವರ ಪಕ್ಕದಲ್ಲಿ ಪಿಯಾನೊ ನುಡಿಸುತ್ತಿದ್ದವರು ಎಲ್ಲಾ ಶೆಪರ್ಡ್. ಜೂಬಿಲಿ ಸಿಂಗರ್ಸ್ ಎಂದರೆ ಒಂಬತ್ತು ಹತ್ತು ಜನರ ತಂಡ ನಿಜ, ಆದರೆ ತಂಡ ನಿಂತದ್ದು ಈ ಇಬ್ಬರ ಮೇಲೆ. ವೈಟ್ ಹೆಸರು ಎಲ್ಲ ಕಡೆ ಬರುತ್ತದೆ. ಶೆಪರ್ಡ್ ಅವರ ಹೆಸರು ಅದೇ ಗಾತ್ರದ ಅಕ್ಷರದಲ್ಲಿ ಬರಬೇಕಿತ್ತು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಶೆಪರ್ಡ್ ಹುಟ್ಟಿದ್ದು 1851ರಲ್ಲಿ, ಗುಲಾಮಳಾಗಿ. ಮಗಳು ಇನ್ನೂ ಎಳೆಯ ಕೂಸಾಗಿದ್ದಾಗ ತಾಯಿ ಸಾರಾ ಹನ್ನಾ ಹತಾಶೆಯಿಂದ ಅವಳನ್ನು ಎತ್ತಿಕೊಂಡು ಕಂಬರ್ಲೆಂಡ್ ನದಿಗೆ ಹಾರಲು ಹೊರಟಿದ್ದರಂತೆ. ದಾರಿಯಲ್ಲಿ ಸಿಕ್ಕ ಒಬ್ಬ ಮುದುಕಿ ತಡೆದು, ಈ ಮಗುವಿಗೆ ದೇವರ ಕೆಲಸ ಕಾದಿದೆ ಎಂದು ಹೇಳಿ ಹಿಂದಕ್ಕೆ ಕಳಿಸಿದಳು. ತಂದೆ ಸೈಮನ್ ಬಾಡಿಗೆ ದುಡಿಮೆಯಿಂದ ಕೂಡಿಟ್ಟ ಹಣದಲ್ಲಿ ಮೊದಲು ತನ್ನನ್ನು ತಾನೇ ಕೊಂಡುಕೊಂಡರು, ಆಮೇಲೆ 350 ಡಾಲರ್ ಕೊಟ್ಟು ಮಗಳನ್ನು ಕೊಂಡರು. ಹೆಂಡತಿಯನ್ನೂ ಬಿಡಿಸಿಕೊಳ್ಳಬೇಕೆಂದಿದ್ದರು, ಆದರೆ ಒಡತಿ ಕೊಟ್ಟ ಮಾತಿಗೆ ತಪ್ಪಿದಳು. ತಾಯಿಯನ್ನು ಬಿಟ್ಟು ತಂದೆ ಮಗಳು ಉತ್ತರದ ಸಿನ್ಸಿನಾಟಿಗೆ ಹೋದರು. ಅಲ್ಲಿ ಒಬ್ಬ ಬಿಳಿಯ ಶಿಕ್ಷಕಿ ಪಿಯಾನೊ ಕಲಿಸಲು ಒಪ್ಪಿದರು, ಒಂದು ಷರತ್ತಿನ ಮೇಲೆ: ಯಾರಿಗೂ ಗೊತ್ತಾಗಬಾರದು. ಹುಡುಗಿ ರಾತ್ರಿ ಒಂಬತ್ತರ ಮೇಲೆ, ಹಿಂಬಾಗಿಲಿನಿಂದ ಬಂದು, ಮೇಲಂತಸ್ತಿನ ಹಿಂದಿನ ಕೋಣೆಯಲ್ಲಿ ಪಾಠ ಹೇಳಿಸಿಕೊಂಡು ಹೋಗಬೇಕು. ತಂದೆ ತೀರಿಕೊಂಡರು. 1868ರಲ್ಲಿ ಶೆಪರ್ಡ್ ಫಿಸ್ಕ್ ಶಾಲೆಗೆ ಬಂದಾಗ ಕೈಯಲ್ಲಿದ್ದದ್ದು ಆರು ಡಾಲರ್. ಮುಂದೆ ಅದೇ ಶಾಲೆಯಲ್ಲಿ ಸಂಗೀತ ಕಲಿಸಿದರು. ಫಿಸ್ಕ್ ಕೆಲಸಕ್ಕೆ ತೆಗೆದುಕೊಂಡ ಮೊದಲ ಕಪ್ಪು ಅಧ್ಯಾಪಕರಲ್ಲಿ ಅವರೂ ಒಬ್ಬರು.

ಈಗ ಆ ಕೋಣೆಗೆ ಬರೋಣ.

ವಿದ್ಯಾರ್ಥಿಗಳು ಊರ ಜನರ ಮುಂದೆ ಹಾಡುತ್ತಿದ್ದದ್ದು ಯುರೋಪಿನ ಕೃತಿಗಳನ್ನು, ಆಗ ಚಾಲ್ತಿಯಲ್ಲಿದ್ದ ಭಾವಗೀತೆಗಳನ್ನು. ಅಪ್ಪ ಅಮ್ಮ ಹತ್ತಿಯ ಹೊಲದಲ್ಲಿ ಹಾಡಿಕೊಳ್ಳುತ್ತಿದ್ದ ಹಾಡುಗಳು, ಇಂದು ಜಗತ್ತು ಸ್ಪಿರಿಚುವಲ್ ಎಂದು ಕರೆಯುವ ಹಾಡುಗಳು, ಅವರಿಗೆ ಗೊತ್ತಿದ್ದವು. ಆದರೆ ಪರರ ಮುಂದೆ ಹಾಡುತ್ತಿರಲಿಲ್ಲ. ಅವು ಗುಲಾಮಗಿರಿಯ ನೆನಪು, ಮರೆಯಬೇಕಾದ ಕತ್ತಲು. ಜೊತೆಗೆ ಹಿರಿಯರಿಗೆ ಅವು ಪೂಜೆಯಷ್ಟು ಪವಿತ್ರ, ಮನರಂಜನೆಗೆ ಇಡುವ ವಸ್ತುವಲ್ಲ. ಶೆಪರ್ಡ್ ಮುಂದೆ ಬರೆದ ನೆನಪುಗಳಲ್ಲಿ ಈ ಎರಡು ಕಾರಣಗಳೂ ಬರುತ್ತವೆ. ವೈಟ್ ಅವರ ಮನೆಯಲ್ಲಿ ಸೇರಿದಾಗ ಬಾಗಿಲು ಹಾಕಿ, ಪರದೆ ಎಳೆದು, ಮೆಲುದನಿಯಲ್ಲಿ ಒಬ್ಬೊಬ್ಬರು ತಮಗೆ ಗೊತ್ತಿದ್ದ ಹಾಡು ಹೇಳುತ್ತಿದ್ದರು. ಒಬ್ಬರು ಸಾಲು ಎತ್ತಿದರೆ ಉಳಿದವರದು ಹಿಮ್ಮೇಳ. ವೈಟ್ ಕೇಳಿಸಿಕೊಳ್ಳುತ್ತಿದ್ದರು, ಶೆಪರ್ಡ್ ಕೇಳಿ ಕೇಳಿ ಸ್ವರ ಹಿಡಿಯುತ್ತಿದ್ದರು.

ನಮ್ಮಜ್ಜಿ ಬೀಸುವ ಕಲ್ಲಿನ ಪದ ಹಾಡುತ್ತಿದ್ದರು. ನೆಂಟರು ಬಂದಾಗ ಹಾಡಜ್ಜಿ ಎಂದರೆ ಸೆರಗು ಬಾಯಿಗಿಟ್ಟುಕೊಂಡು ಒಳಗೆ ಹೋಗುತ್ತಿದ್ದರು. ಆ ಕೋಣೆಯ ವಿವರ ಮೊದಲ ಸಲ ಓದಿದಾಗ ನನಗೆ ನೆನಪಾದದ್ದು ಆ ಸೆರಗು.

ಶಾಲೆ ಮುಚ್ಚುವುದನ್ನು ತಪ್ಪಿಸಲು ವೈಟ್ ಒಂದು ಉಪಾಯ ಮುಂದಿಟ್ಟರು: ಹಾಡುಗಾರರ ತಂಡ ಕಟ್ಟಿಕೊಂಡು ಉತ್ತರದ ಊರುಗಳಿಗೆ ಹೋಗಿ ಹಣ ಎತ್ತುವುದು. ಮಿಷನ್ನಿನವರಿಗೆ ಇದು ಹುಚ್ಚಾಟ ಎನ್ನಿಸಿತು. ಹೆತ್ತವರಿಗೆ ಭಯ, ಗಳಿಸಿಕೊಂಡ ಬಿಡುಗಡೆಗೆ ಇನ್ನೂ ಆರೇ ವರ್ಷವಾಗಿತ್ತು. 1871ರ ಅಕ್ಟೋಬರ್ 6ರಂದು ತಂಡ ನ್ಯಾಶ್‌ವಿಲ್ ಬಿಟ್ಟಿತು. ಶಾಲೆಯ ಗಲ್ಲಾಪೆಟ್ಟಿಗೆಯಲ್ಲಿ ಉಳಿದಿದ್ದ 40 ಡಾಲರ್ ದಾರಿಖರ್ಚಿಗೆ ಹೋಯಿತು.

ಹೊರಟವರ ಹೆಸರುಗಳನ್ನು ಇಲ್ಲಿ ಬರೆಯಲೇಬೇಕು: ಎಲ್ಲಾ ಶೆಪರ್ಡ್, ಮ್ಯಾಗಿ ಪೋರ್ಟರ್, ಜೆನ್ನಿ ಜಾಕ್ಸನ್, ಮಿನ್ನಿ ಟೇಟ್, ಎಲೈಜಾ ವಾಕರ್, ಥಾಮಸ್ ರಟ್ಲಿಂಗ್, ಬೆಂಜಮಿನ್ ಹೋಮ್ಸ್, ಐಸಾಕ್ ಡಿಕರ್‌ಸನ್, ಗ್ರೀನ್ ಇವಾನ್ಸ್. ಹೆಚ್ಚಿನವರು ಗುಲಾಮರಾಗಿ ಹುಟ್ಟಿದವರು. ಹೋಮ್ಸ್ ಹುಡುಗನಾಗಿದ್ದಾಗ ಚಾರ್ಲ್ಸ್‌ಟನ್ ನಗರದ ಅಂಗಡಿಗಳ ಬೋರ್ಡು ನೋಡಿಯೇ ಓದು ಕಲಿತವರು. ಮಾರಾಟಕ್ಕೆಂದು ಕೂಡಿಹಾಕಿದ್ದ ಗುಲಾಮರ ಸೆರೆಯಲ್ಲಿ ಕೈಗೆ ಸಿಕ್ಕ ಪತ್ರಿಕೆಯಿಂದ ಲಿಂಕನ್ನರ ವಿಮೋಚನೆಯ ಘೋಷಣೆಯನ್ನು ಗಟ್ಟಿಯಾಗಿ ಓದಿ ಜೊತೆಯವರಿಗೆ ಕೇಳಿಸಿದರು. ರಟ್ಲಿಂಗ್ ಅವರ ಅತಿ ಹಳೆಯ ನೆನಪು, ತಾಯಿಯನ್ನು ಮಾರಿ ಕಳಿಸಿದ ದಿನದ್ದು. ಮಿನ್ನಿ ಟೇಟ್ ಎಲ್ಲರಿಗಿಂತ ಚಿಕ್ಕವಳು, ಹದಿನಾಲ್ಕು ವರ್ಷ.

ಶುರುವಿನ ವಾರಗಳು ಕಷ್ಟದವು. ಸಿನ್ಸಿನಾಟಿ ಸೀಮೆಯಲ್ಲಿ ಹಾಡುತ್ತಿದ್ದಾಗಲೇ ಚಿಕಾಗೊ ನಗರ ಬೆಂಕಿಗೆ ಸಿಕ್ಕ ಸುದ್ದಿ ಬಂತು. ಒಂದು ಕಛೇರಿಯಿಂದ ಬಂದ ಸುಮಾರು 50 ಡಾಲರನ್ನು ತಂಡ ಪೂರ್ತಿಯಾಗಿ ಚಿಕಾಗೊ ಸಂತ್ರಸ್ತರಿಗೆ ಕೊಟ್ಟುಬಿಟ್ಟಿತು. ತಮ್ಮ ಶಾಲೆ ಮುಳುಗುತ್ತಿದ್ದಾಗ, ಹೊದೆಯಲು ಸರಿಯಾದ ಕೋಟಿಲ್ಲದಾಗ ಕೊಟ್ಟದ್ದು. ಒಹಾಯೊದ ಒಂದು ಊರಿನಲ್ಲಿ ಎರಡು ಹೋಟೆಲುಗಳು ಜಾಗ ಕೊಡಲಿಲ್ಲ. ಮೂರನೆಯದರಲ್ಲಿ ಜಾಗವೇನೋ ಸಿಕ್ಕಿತು, ಆದರೆ ಬೇರೆ ಗಿರಾಕಿಗಳು ಊಟಕ್ಕೆ ಬರುವ ಮೊದಲೇ ಇವರು ಉಂಡು ಏಳಬೇಕಿತ್ತು. ಮುಖಕ್ಕೆ ಸುಟ್ಟ ಬೆಂಡಿನ ಮಸಿ ಬಳಿದುಕೊಂಡು ಕಪ್ಪು ಜನರನ್ನು ಅಣಕಿಸುವ ಬಿಳಿಯರ ಮಿನ್‌ಸ್ಟ್ರೆಲ್ ಆಟಗಳು ಆ ಕಾಲದ ದೊಡ್ಡ ಮೋಜು. ಜನ ಇಲ್ಲಿಗೂ ಅದನ್ನೇ ಎಣಿಸಿ ಬರುತ್ತಿದ್ದರು. ಶಿಸ್ತಾಗಿ ಉಡುಪು ತೊಟ್ಟ ಯುವಕ ಯುವತಿಯರು ಒತ್ತೊತ್ತಾಗಿ ನಿಂತು, ತಲೆ ಚೂರು ಹಿಂದಕ್ಕೆ ಎತ್ತಿ ಹಾಡುವುದನ್ನು ಕಂಡು ಏನು ಮಾಡಬೇಕೆಂದು ಅವರಿಗೆ ತೋಚುತ್ತಿರಲಿಲ್ಲ.

ಕೊಲಂಬಸ್‌ನಲ್ಲಿ ವೈಟ್ ರಾತ್ರಿಯೆಲ್ಲ ಯೋಚಿಸಿ ಪ್ರಾರ್ಥಿಸಿ, ಬೆಳಿಗ್ಗೆ ತಂಡಕ್ಕೆ ಹೆಸರು ಹೇಳಿದರು: ಜೂಬಿಲಿ ಸಿಂಗರ್ಸ್. ಬಿಡುಗಡೆಯ ವರ್ಷದ ಹಾಡುಗಾರರು.

ಗಾಳಿ ತಿರುಗಿದ್ದು ನವೆಂಬರ್ ತಿಂಗಳಲ್ಲಿ, ಓಬರ್ಲಿನ್ ಎಂಬ ಕಾಲೇಜು ಊರಿನಲ್ಲಿ. ಕಾಂಗ್ರಿಗೇಷನಲ್ ಚರ್ಚುಗಳ ರಾಷ್ಟ್ರೀಯ ಸಭೆ ಅಲ್ಲಿ ನಡೆಯುತ್ತಿತ್ತು. ವಿರಾಮದ ಹೊತ್ತು, ಪಾದ್ರಿಗಳು ಗುಂಪು ಗುಂಪಾಗಿ ಮಾತಿಗೆ ನಿಂತಿದ್ದರು. ಯಾರೂ ಇವರನ್ನು ಪರಿಚಯಿಸಲಿಲ್ಲ. ವಿದ್ಯಾರ್ಥಿಗಳು ತುಂಬಾ ಮೆಲ್ಲಗೆ ‘ಸ್ಟೀಲ್ ಅವೇ’ ಹಾಡನ್ನು ಎತ್ತಿಕೊಂಡರು. ಆ ಮುಚ್ಚಿದ ಕೋಣೆಯ ಹಾಡು. ಅಷ್ಟು ಮೆಲ್ಲಗೆ ಆರಂಭಿಸುವುದು ವೈಟ್ ಕಲಿಸಿದ ಪದ್ಧತಿ. ಕೇಳುವವರು ತಾವಾಗಿಯೇ ಮಾತು ನಿಲ್ಲಿಸಿ ಕಿವಿಗೊಡಬೇಕು. ಅಲ್ಲಿ ಹಾಗೇ ಆಯಿತು. ಸದ್ದು ಅಡಗಿತು, ಕೆಲವರು ಕಣ್ಣೊರೆಸಿಕೊಂಡರು. ಆ ಸಭೆಯಲ್ಲಿದ್ದವರೇ ಮುಂದೆ ಪೂರ್ವದ ನಗರಗಳಲ್ಲಿ ಇವರಿಗೆ ವೇದಿಕೆ ಕೊಡಿಸಿದರು. ಡಿಸೆಂಬರ್‌ನಲ್ಲಿ ಬ್ರೂಕ್ಲಿನ್‌ನ ಹೆನ್ರಿ ವಾರ್ಡ್ ಬೀಚರ್ ತಮ್ಮ ಪ್ಲಿಮತ್ ಚರ್ಚಿಗೆ ಕರೆದರು. ಪತ್ರಿಕೆಯೊಂದು ಹಂಗಿಸಿ ಬರೆದರೂ ಆ ಚರ್ಚಿನ ಹೆಸರಿನಿಂದ ದಾರಿ ತೆರೆಯಿತು. 1872ರ ಮಾರ್ಚ್‌ನಲ್ಲಿ ಅಧ್ಯಕ್ಷ ಗ್ರಾಂಟ್ ಶ್ವೇತಭವನದಲ್ಲಿ ಇವರ ಹಾಡು ಕೇಳಿದರು. ಮೊದಲ ಸಂಚಾರ ಮುಗಿಯುವ ಹೊತ್ತಿಗೆ 20,000 ಡಾಲರ್ ಕೂಡಿತು. ಸಾಲ ತೀರಿತು, ಹೊಸ ಜಾಗ ಕೊಂಡರು. ಯುದ್ಧಕಾಲದಲ್ಲಿ ಅಲ್ಲೊಂದು ಕೋಟೆ ಇತ್ತು.

ಒಂದು ವಿಷಯ ಗಮನಿಸಬೇಕು. ಹೊರಟಾಗ ಕಾರ್ಯಕ್ರಮದ ತುಂಬ ಯುರೋಪಿನ ಹಾಡು, ಕೊನೆಯಲ್ಲಿ ಒಂದೋ ಎರಡೋ ಸ್ಪಿರಿಚುವಲ್. ಜನ ಕೇಳುತ್ತಾ ಹೋದಂತೆ ಲೆಕ್ಕ ತಲೆಕೆಳಗಾಯಿತು. ಥಿಯೊಡೋರ್ ಸೀವರ್ಡ್ ಅವುಗಳಿಗೆ ಸ್ವರಲಿಪಿ ಬರೆದರು, 1872ರಲ್ಲಿ ಪುಸ್ತಕ ಬಂತು. ಬಾಯಿಂದ ಬಾಯಿಗೆ ಮಾತ್ರ ಬರುತ್ತಿದ್ದ ಹಾಡುಗಳು ಕಾಗದಕ್ಕೆ ಇಳಿದವು.

1873ರಲ್ಲಿ ತಂಡ ಹಡಗು ಹತ್ತಿತು. ಮೇ 6ರಂದು ಲಂಡನ್‌ನಲ್ಲಿ ಶಾಫ್ಟ್ಸ್‌ಬರಿ ಪ್ರಭುಗಳ ಆಶ್ರಯದಲ್ಲಿ ಮೊದಲ ಕಛೇರಿ, ಮರುದಿನವೇ ಆರ್ಗೈಲ್ ಡ್ಯೂಕರ ಮನೆಯಲ್ಲಿ ವಿಕ್ಟೋರಿಯಾ ರಾಣಿಯ ಮುಂದೆ. ಪ್ರಧಾನಿ ಗ್ಲ್ಯಾಡ್‌ಸ್ಟನ್ ಮನೆಗೆ ಕರೆದರು. ಮಾರ್ಕ್ ಟ್ವೇನ್ ಇವರ ಪರವಾಗಿ ಲಂಡನ್‌ಗೆ ಪತ್ರ ಬರೆದುಕೊಟ್ಟಿದ್ದರು. ಎಡ್ಮಂಡ್ ಹ್ಯಾವೆಲ್ ಎಂಬ ಚಿತ್ರಕಾರರು ಗೋಡೆಯೆತ್ತರದ ತೈಲಚಿತ್ರ ಬರೆದರು. ಸುಮಾರು 50,000 ಡಾಲರ್ ಹಿಡಿದು ತಂಡ ಮರಳಿತು. ಆ ಹಣದಲ್ಲಿ ಎದ್ದದ್ದು ಜೂಬಿಲಿ ಹಾಲ್, ಆರು ಅಂತಸ್ತಿನ ಕಟ್ಟಡ. 1876ರ ಜನವರಿ 1ರಂದು ಉದ್ಘಾಟನೆಯಾಯಿತು. ಅಮೆರಿಕದ ದಕ್ಷಿಣದಲ್ಲಿ ಕಪ್ಪು ಜನರ ಉನ್ನತ ವಿದ್ಯೆಗೆಂದು ಕಟ್ಟಿದ ಮೊದಲ ಶಾಶ್ವತ ಕಟ್ಟಡ ಅದು. ಹ್ಯಾವೆಲ್ ಅವರ ಚಿತ್ರ ಇಂದಿಗೂ ಅದರೊಳಗೇ ಇದೆ.

ಇದಕ್ಕೆಲ್ಲ ತೆತ್ತ ಬೆಲೆಯ ಮಾತು ಅಭಿನಂದನ ಲೇಖನಗಳಲ್ಲಿ ಕಡಿಮೆ ಬರುತ್ತದೆ. 1874ರ ಚಳಿಗಾಲದಲ್ಲಿ ವೈಟ್ ಅವರ ಹೆಂಡತಿ ಲಾರಾ ಗ್ಲಾಸ್ಗೋದಲ್ಲಿ ಟೈಫಾಯ್ಡಿನಿಂದ ತೀರಿಕೊಂಡರು. ವೈಟ್ ಅವರೂ ಶ್ವಾಸಕೋಶದ ಕಾಯಿಲೆಯಿಂದ ಬಸವಳಿದರು. ಸೆರೆಯಲ್ಲಿ ಘೋಷಣೆ ಓದಿದ ಬೆಂಜಮಿನ್ ಹೋಮ್ಸ್ ಕ್ಷಯದಿಂದ ಹಾಸಿಗೆ ಹಿಡಿದರು, ಉದ್ಘಾಟನೆ ನೋಡಲು ಉಳಿಯಲಿಲ್ಲ. ಓದಲು ಬಂದ ಮಕ್ಕಳು ಓದು ಬಿಟ್ಟು ಶಾಲೆಗಾಗಿ ದುಡಿದರು, ಹೆಚ್ಚಿನವರು ಪದವಿ ಪಡೆಯಲೇ ಇಲ್ಲ. 1875ರಲ್ಲಿ ಮತ್ತೆ ಯುರೋಪಿಗೆ ಹೋದ ತಂಡ ಹಾಲೆಂಡ್, ಜರ್ಮನಿ ಸುತ್ತಿ 1878ರಲ್ಲಿ ದಣಿದು ಚದುರಿತು. ಏಳು ವರ್ಷದಲ್ಲಿ ಒಟ್ಟು ಸುಮಾರು 1,50,000 ಡಾಲರ್ ದುಡಿದಿತ್ತು. ಉದ್ದಕ್ಕೂ ತಾಲೀಮು ಮಾಡಿಸಿ, ಪಿಯಾನೊ ನುಡಿಸಿ, ಜಗಳ ಬಿಡಿಸಿ, ವೈಟ್ ಮಲಗಿದಾಗ ತಂಡವನ್ನು ನಡೆಸಿದವರು ಶೆಪರ್ಡ್. ನ್ಯಾಶ್‌ವಿಲ್‌ಗೆ ಮರಳಿ ಮಾಡಿದ ದೊಡ್ಡ ಕೆಲಸಗಳಲ್ಲಿ ಒಂದು, ಅಗಲಿದ್ದ ತಾಯಿಯನ್ನು ತನ್ನ ಮನೆಗೆ ಕರೆತಂದು ಇಟ್ಟುಕೊಂಡದ್ದು.

ಆಮೇಲೆ ಮಂಡಳಿ ವಿಶ್ವವಿದ್ಯಾಲಯದ ಆಡಳಿತದಿಂದ ಹೊರಗೆ ಬೆಳೆಯಿತು. ಫ್ರೆಡರಿಕ್ ಲೌಡಿನ್ ಎಂಬ ಮಂದ್ರಕಂಠದ ಗಾಯಕರು ಮುಂದಾಳಾದರು. ಒಹಾಯೊದಲ್ಲಿ ಸ್ವತಂತ್ರರಾಗಿಯೇ ಹುಟ್ಟಿದವರು. ಕಪ್ಪು ಬಣ್ಣದವನೆಂಬ ಕಾರಣಕ್ಕೆ ಅವರ ಊರಿನ ಚರ್ಚು ಅವರನ್ನು ಗಾಯನವೃಂದಕ್ಕೆ ಸೇರಿಸಿಕೊಂಡಿರಲಿಲ್ಲ. ಅದೇ ಮನುಷ್ಯ 1884ರಿಂದ ಆರು ವರ್ಷ ತಂಡವನ್ನು ಕಟ್ಟಿಕೊಂಡು ಭೂಮಂಡಲ ಸುತ್ತಿದರು. 1886ರಲ್ಲಿ ಆಸ್ಟ್ರೇಲಿಯಾದ ಮಲೋಗ ಎಂಬಲ್ಲಿ ಯೋರ್ಟಾ ಯೋರ್ಟಾ ಮೂಲನಿವಾಸಿಗಳ ಮುಂದೆ ಹಾಡಿದರು. ಫರೋಹನ ಸೈನ್ಯ ಮುಳುಗಿದ ಕಥೆಯ ಹಾಡು ಅವರ ಭಾಷೆಗೆ ಇಳಿದು ‘ಬುರ ಫೆರಾ’ ಎಂದು ಇಂದಿಗೂ ಅಲ್ಲಿ ಹಾಡಿಸಿಕೊಳ್ಳುತ್ತಿದೆ. ಆ ಮಿಷನ್ ಶಾಲೆಯ ಶಿಕ್ಷಕರು ಮಾರಿಷಸ್‌ನಲ್ಲಿ ಹುಟ್ಟಿದ, ಭಾರತೀಯ ಮೂಲದ ಥಾಮಸ್ ಶಡ್ರಾಕ್ ಜೇಮ್ಸ್. ಅನುವಾದದಲ್ಲಿ ಅವರ ಕೈಯಿತ್ತೆಂದು ಹೇಳುತ್ತಾರೆ. ಲೌಡಿನ್ ತಂಡ ನಮ್ಮ ದೇಶಕ್ಕೂ ಬಂದಿತ್ತು. ಆಗ್ರಾದ ತಾಜ್ ಮಹಲಿನ ಗುಮ್ಮಟದ ಕೆಳಗೆ ನಿಂತು ಹಾಡಿತು. ಅಲ್ಲಿ ಒಂದು ಸ್ವರ ಹೇಳಿದರೆ ಅದು ಸುತ್ತಿ ಸುತ್ತಿ ಬಹಳ ಹೊತ್ತಿಗೆ ಇಳಿಯುತ್ತದೆ. ಟೆನೆಸಿಯ ಹತ್ತಿ ಹೊಲದ ಹಾಡು ಆ ಕಲ್ಲಿನೊಳಗೆ ಹೇಗೆ ಕೇಳಿಸಿರಬಹುದು!

ಈ ಹಾಡುಗಳನ್ನು ಕಟ್ಟಿದವರು ಯಾರು? ಬಹುಪಾಲಿಗೆ ಹೆಸರಿಲ್ಲ. ಹೆಸರು ಉಳಿದಿರುವ ಅಪರೂಪದವರಲ್ಲಿ ಒಂದು ಗಂಡ ಹೆಂಡಿರ ಜೋಡಿಯಿದೆ: ವಾಲೇಸ್ ವಿಲಿಸ್ ಮತ್ತು ಮಿನರ್ವಾ. ಇಂದಿನ ಓಕ್ಲಹೋಮಾದಲ್ಲಿ ಚಾಕ್ಟಾ ಬುಡಕಟ್ಟಿನವರ ಒಡೆತನದಲ್ಲಿದ್ದ ಗುಲಾಮರು. ಸ್ಪೆನ್ಸರ್ ಅಕಾಡೆಮಿ ಎಂಬ ಮಿಷನ್ ಶಾಲೆಯಲ್ಲಿ ಕೂಲಿಗಿದ್ದಾಗ ಇವರಿಬ್ಬರೂ ಜೊತೆಯಾಗಿ ಹಾಡುತ್ತಿದ್ದದ್ದನ್ನು ಅಲ್ಲಿನ ಮುಖ್ಯಸ್ಥ ಅಲೆಕ್ಸಾಂಡರ್ ರೀಡ್ ಕೇಳಿ ಮನಸ್ಸಿನಲ್ಲಿಟ್ಟುಕೊಂಡಿದ್ದರು, ಮುಂದೆ ಜೂಬಿಲಿ ಸಿಂಗರ್ಸ್‌ಗೆ ಹೇಳಿಕೊಟ್ಟರು. ‘ಸ್ವಿಂಗ್ ಲೋ, ಸ್ವೀಟ್ ಚಾರಿಯಟ್’ ವಿಲಿಸ್ ಅವರದೆಂದು ಈ ಪರಂಪರೆ ಹೇಳುತ್ತದೆ. ಅದು ನದಿಯ ದಾರಿಯಲ್ಲಿ ಸಾರಾ ಹನ್ನಾ ಅವರಿಗೆ ಆ ಮುದುಕಿ ಹೇಳಿದ ಮಾತಿನಿಂದ ಹುಟ್ಟಿದ್ದೆಂದು ಶೆಪರ್ಡ್ ಅವರ ಕಡೆಯವರು ನಂಬಿದ್ದರು. ಜನಪದದಲ್ಲಿ ಒಂದೇ ಹಾಡಿಗೆ ಎರಡು ತವರು ಇರುವುದು ನಮಗೇನೂ ಹೊಸತಲ್ಲ. ಎರಡನ್ನೂ ಉಳಿಸಿಕೊಳ್ಳುವುದೇ ಸರಿ.

ಫಿಸ್ಕ್‌ನಲ್ಲಿ ಓದಿ 1888ರಲ್ಲಿ ಪದವಿ ಪಡೆದ ಡಬ್ಲ್ಯು.ಇ.ಬಿ. ಡುಬೋಯ್ಸ್ 1903ರ ತಮ್ಮ ಪ್ರಸಿದ್ಧ ಕೃತಿ ‘ದ ಸೋಲ್ಸ್ ಆಫ್ ಬ್ಲ್ಯಾಕ್ ಫೋಕ್’ನ ಕೊನೆಯ ಅಧ್ಯಾಯವನ್ನು ಈ ದುಃಖದ ಹಾಡುಗಳಿಗೇ ಮೀಸಲಿಟ್ಟರು. ಆದರೆ ಅದೇ ಹೊತ್ತಿಗೆ ಹೊಸ ತಲೆಮಾರಿನ ವಿದ್ಯಾರ್ಥಿಗಳಲ್ಲಿ ಹಳೆಯ ಸಂಕೋಚ ಮತ್ತೆ ತಲೆ ಎತ್ತಿತ್ತು, ಗುಲಾಮರ ಹಾಡು ನಮಗೇಕೆಂದು. ಅದಕ್ಕೆ ಎದುರಾಗಿ ನಿಂತವರು ಲ್ಯಾಟಿನ್ ಮತ್ತು ಇತಿಹಾಸ ಕಲಿಸುತ್ತಿದ್ದ ಜಾನ್ ವೆಸ್ಲಿ ವರ್ಕ್, ಜೊತೆಗೆ ತಮ್ಮ ಫ್ರೆಡರಿಕ್ ವರ್ಕ್. ಅಣ್ಣ ತಮ್ಮ ಸೇರಿ ಹಾಡುಗಳನ್ನು ಹುಡುಕಿ ಬರೆದುಕೊಂಡರು, 1901ರಲ್ಲೂ 1907ರಲ್ಲೂ ಸಂಗ್ರಹಗಳನ್ನು ಹೊರತಂದರು. ಕ್ರಿಸ್ಮಸ್ ಹೊತ್ತಿಗೆ ಬೆಂಗಳೂರಿನ ಇಗರ್ಜಿಗಳಲ್ಲೂ ಕೇಳಿಬರುವ ‘ಗೋ ಟೆಲ್ ಇಟ್ ಆನ್ ದ ಮೌಂಟನ್’ ಜಗತ್ತಿಗೆ ದಾಟಿದ್ದು ವರ್ಕ್ ಮನೆತನದ ಕೈಯಿಂದ.

1909ರ ಡಿಸೆಂಬರ್‌ನಲ್ಲಿ ಜಾನ್ ವರ್ಕ್ ಮತ್ತು ಮೂವರು ಗೆಳೆಯರು ವಿಕ್ಟರ್ ಕಂಪನಿಯ ಧ್ವನಿಮುದ್ರಣದ ಕಹಳೆಯ ಮುಂದೆ ನಿಂತು ಹಾಡಿದರು. ಆಗಿನ್ನೂ ಧ್ವನಿಮುದ್ರಣಕ್ಕೆ ಮೈಕ್ರೊಫೋನ್ ಬಂದಿರಲಿಲ್ಲ. ಆಗ ಮುದ್ರಿಸಿದ ‘ಸ್ವಿಂಗ್ ಲೋ’ ಅಮೆರಿಕದ ರಾಷ್ಟ್ರೀಯ ಧ್ವನಿಮುದ್ರಿಕೆಗಳ ಪಟ್ಟಿಗೆ 2002ರಲ್ಲಿ, ಮೊದಲ ಸುತ್ತಿನಲ್ಲೇ ಸೇರಿತು. ವರ್ಕ್ ನಂತರ ಜೇಮ್ಸ್ ಮೈಯರ್ಸ್ ದಂಪತಿ ಮಂಡಳಿಯನ್ನು ನಡೆಸಿದರು. 1994ರಿಂದ ನಿರ್ದೇಶಕರಾಗಿದ್ದವರು ಪಾಲ್ ಕ್ವಾಮಿ, ಪಶ್ಚಿಮ ಆಫ್ರಿಕಾದ ಘಾನಾದವರು. ಗುಲಾಮರನ್ನು ಹಡಗಿಗೆ ತುಂಬಿದ ಕರಾವಳಿಯ ನಾಡಿನಿಂದ ಬಂದ ಒಬ್ಬರು, ಗುಲಾಮರ ಮೊಮ್ಮಕ್ಕಳ ಮಕ್ಕಳಿಗೆ ಅವರ ಹಿರಿಯರ ಹಾಡು ಕಲಿಸಿದರು. ಮಂಡಳಿಗೆ 2008ರಲ್ಲಿ ರಾಷ್ಟ್ರೀಯ ಕಲಾ ಪದಕ ಬಂತು, ನೂರೈವತ್ತನೆಯ ವರ್ಷದ ಮುದ್ರಿಕೆಗೆ 2021ರಲ್ಲಿ ಗ್ರ್ಯಾಮಿ ಬಂತು. ಮರುವರ್ಷ ಕ್ವಾಮಿ ತೀರಿಕೊಂಡರು.

ಮೊದಲ ತಂಡದವರು ಲೋಕದ ತುಂಬ ಚದುರಿಹೋದರು. ಡಿಕರ್‌ಸನ್ ಬ್ರಿಟನ್ನಿನಲ್ಲೇ ಉಳಿದು ಓದಿ, ಬೋಧಕರಾಗಿ ಅಲ್ಲೇ ಮಣ್ಣಾದರು. ರಟ್ಲಿಂಗ್ ಯಾರ್ಕ್‌ಶೈರಿನ ಹ್ಯಾರೊಗೇಟ್‌ನಲ್ಲಿ ಹಾಡು ಕಲಿಸಿಕೊಂಡು ಬದುಕಿದರು. ಕೊನೆಯವರಾಗಿ ಉಳಿದ ಮ್ಯಾಗಿ ಪೋರ್ಟರ್ 1942ರಲ್ಲಿ ಡೆಟ್ರಾಯ್ಟ್‌ನಲ್ಲಿ ತೀರಿಕೊಂಡರು. ಶೆಪರ್ಡ್ ಅವರ ಸಮಾಧಿ ನ್ಯಾಶ್‌ವಿಲ್‌ನಲ್ಲಿದೆ. ಪ್ರತಿ ವರ್ಷ ಅಕ್ಟೋಬರ್ 6ರಂದು ಫಿಸ್ಕ್‌ನಲ್ಲಿ ಜೂಬಿಲಿ ದಿನ; ಅಂದು ಈಗಿನ ಹಾಡುಗಾರರು ಹಿರಿಯರ ಸಮಾಧಿಗಳಿಗೆ ಹೋಗಿ, ಸುತ್ತ ನಿಂತು ಹಾಡಿ ಬರುತ್ತಾರೆ.

ಈ ಸಂಚಿಕೆ ಕೈಯಲ್ಲಿ ಹಿಡಿದವರಲ್ಲಿ ನನ್ನದೊಂದು ಕೋರಿಕೆ. 1909ರ ಆ ಮುದ್ರಿಕೆ ಅಂತರಜಾಲದಲ್ಲಿ ಪುಕ್ಕಟೆಯಾಗಿ ಸಿಗುತ್ತದೆ, ಕೆಲವೇ ನಿಮಿಷದ್ದು. ಹಳೆಯದು, ಗರಗರ ಸದ್ದು ಜಾಸ್ತಿ. ಒಂದು ರಾತ್ರಿ ಕೋಣೆಯ ಬಾಗಿಲು ಮುಚ್ಚಿಕೊಂಡು ಕೂತು ಕೇಳಿ.